ಮೇಲಿನವನು ಕಂಡದ್ದು

ಸೋಮವಾರ ಬೆಳಿಗ್ಗೆ ಹನ್ನೊಂದೂಕಾಲಿಗೆ ಠಾಣೆಗೆ ಬಂದ ದೂರಿನಲ್ಲಿ ಇದ್ದದ್ದು ಮೂರೇ ಸಾಲು. ಕಟ್ಟಡ ಕಂಪನಿಯ ಸೂಪರ್‌ವೈಸರ್ ಆರನೇ ಮಹಡಿಯಿಂದ ಆಕಸ್ಮಿಕವಾಗಿ ಕಾಲು ಜಾರಿ ಬಿದ್ದು ಮೃತಪಟ್ಟಿದ್ದಾರೆ. ಯಾರ ಮೇಲೂ ಅನುಮಾನವಿಲ್ಲ. ಮುಂದಿನ ಕ್ರಮ ಜರುಗಿಸಬೇಕು. ಕಂಪನಿಯ ಮೊಹರು ಮಾತ್ರ ಎರಡು ಕಡೆ ಬಿದ್ದಿತ್ತು. ದೂರು ತಂದವನು ಸೈಟಿನ ಸ್ಟೋರ್ ಕೀಪರ್. ಬಾಯಿಪಾಠ ಮಾಡಿದ್ದು ಮರೆತುಹೋದೀತೆಂಬ ಭಯದಲ್ಲಿ ಮೇಜಿನ ಅಂಚು ಹಿಡಿದು ನಿಂತಿದ್ದ.

ಇನ್ಸ್‌ಪೆಕ್ಟರ್ ಓದಿ ಮುಗಿಸಿ ತಲೆ ಎತ್ತಿದಳು. "ಬಿದ್ದಿದ್ದನ್ನ ಯಾರು ನೋಡಿದ್ರು?"

"ಯಾರೂ ನೋಡಿಲ್ಲ ಮೇಡಂ. ಮೇಲಿನವನು ಬಿಟ್ರೆ."

"ದೇವರ ಹೇಳಿಕೆ ತಗೊಳ್ಳೋಕೆ ನಮ್ಮಲ್ಲಿ ಫಾರಂ ಇಲ್ಲ. ಮನುಷ್ಯರು ಯಾರು ನೋಡಿದ್ರು ಹೇಳಿ."

"ದೇವರಲ್ಲ ಮೇಡಂ, ಕ್ರೇನ್ ಆಪರೇಟರ್. ಸೈಟಲ್ಲಿ ಅವನನ್ನ ಹಾಗೇ ಕರೆಯೋದು."

"ಏನು ನೋಡಿದನಂತೆ?"

ಸ್ಟೋರ್ ಕೀಪರ್ ಮೊಹರನ್ನು ನೋಡಿದ, ಬಾಗಿಲನ್ನು ನೋಡಿದ. "ವಾಕಿ ಟಾಕಿಯಲ್ಲಿ ಕೂಗಿದ. ಸೆಟ್ ಇದ್ದೋರೆಲ್ಲ ಕೇಳಿಸ್ಕೊಂಡ್ರು. 'ತಳ್ಬಿಟ್ಟ' ಅಂತ."

"ಮತ್ತೆ ಇದನ್ನ ಬರೆದೋರು ಯಾರು?"

"ಮ್ಯಾನೇಜರ್ ಸಾರ್ ಫೋನಲ್ಲಿ ಹೇಳಿ ಬರೆಸಿದ್ರು. ಅವರು ಶನಿವಾರದಿಂದ ಬೇರೆ ಊರಲ್ಲಿದ್ದಾರೆ."

ಇನ್ಸ್‌ಪೆಕ್ಟರ್ ಬಿಳಿ ಹಾಳೆಯೊಂದನ್ನು ಅವನ ಮುಂದೆ ತಳ್ಳಿ, ಕಿವಿಯಾರೆ ಕೇಳಿದ್ದನ್ನು ಮಾತ್ರ ಬರೆಯುವಂತೆ ಹೇಳಿದಳು. ಹನ್ನೆರಡಕ್ಕೆ ಹತ್ತು ನಿಮಿಷ ಇರುವಾಗ ಅಪರಿಚಿತ ವ್ಯಕ್ತಿಯ ಮೇಲೆ ಕೊಲೆ ಪ್ರಕರಣದ ಎಫ್‌ಐಆರ್ ದಾಖಲಾಯಿತು. ಜೀಪು ಹತ್ತುವಾಗ ಜೊತೆಗೆ ಬಂದವನು ಠಾಣೆಯಲ್ಲಿ ಎಲ್ಲರೂ 'ಪುರಾಣ' ಎಂದು ಕರೆಯುವ ಕಾನ್‌ಸ್ಟೆಬಲ್. ಹೌದು, ಇಲ್ಲ ಎಂಬ ಎರಡು ಪದಗಳಿಗೂ ಅವನಲ್ಲಿ ಪೀಠಿಕೆ ಇರುತ್ತಿತ್ತು. ಕಣ್ಣಾರೆ ಕಂಡ ಸಾಕ್ಷಿ ಇರುವ ಕೇಸು ಸಂಜೆಯೊಳಗೆ ಮುಗಿಯುತ್ತದೆ, ಇವತ್ತಾದರೂ ಹೊತ್ತಿಗೆ ಸರಿಯಾಗಿ ಮನೆ ಸೇರಬಹುದು ಎಂದು ಅವನು ದಾರಿಯುದ್ದಕ್ಕೂ ಲೆಕ್ಕ ಹಾಕಿದ.

ಆರನೇ ಮಹಡಿಯ ಸ್ಲ್ಯಾಬಿನ ಸುತ್ತ ಕಬ್ಬಿಣದ ಪೈಪಿನ ತಡೆ ಇತ್ತು. ಒಂದು ಕಡೆ ಮಾತ್ರ, ಕ್ರೇನ್ ತರುವ ಸಾಮಾನು ಒಳಗೆ ಎಳೆದುಕೊಳ್ಳಲು, ಬಾಗಿಲಷ್ಟು ಅಗಲ ಬಿಟ್ಟಿದ್ದರು. ಸೂಪರ್‌ವೈಸರ್ ಬಿದ್ದದ್ದು ಅಲ್ಲಿಂದಲೇ. ಬಡಗಿಯನ್ನೂ ನಲ್ಲಿ ಕೆಲಸದವನನ್ನೂ ಪಂಚರನ್ನಾಗಿ ಕರೆದು ಪಂಚನಾಮೆ ಬರೆಸಿದರು. ಕೆಳಗೆ ಸತ್ತವನ ಹಸಿರು ಹೆಲ್ಮೆಟ್ ಬಿರುಕು ಬಿಟ್ಟು ಬಿದ್ದಿತ್ತು. ಮೇಲೆ, ಸಿಮೆಂಟ್ ಚೀಲಗಳ ಸಂದಿಯಲ್ಲಿ, ಒಂದು ಬಿಳಿ ಹೆಲ್ಮೆಟ್ ಸಿಕ್ಕಿತು. ಅದರ ಒಳಪಟ್ಟಿಯ ಮೇಲೆ ಸ್ಕೆಚ್ ಪೆನ್ನಿನಲ್ಲಿ 'ಎಂಜಿನಿಯರ್' ಎಂದು ಬರೆದಿತ್ತು.

ಆಪರೇಟರ್ ಕ್ರೇನಿನ ಬುಡದಲ್ಲಿ ಕೂತಿದ್ದ. ನಲವತ್ತು ದಾಟದ ಗಂಡಸು, ಸಣ್ಣ ಮೈ. ಏಣಿ ಇಳಿದು ಬಂದು ಎರಡು ಗಂಟೆಯಾದರೂ ಸೊಂಟದ ಬೆಲ್ಟ್ ಬಿಚ್ಚಿರಲಿಲ್ಲ.

"ಏನು ನೋಡಿದ್ರಿ?"

"ಇಬ್ಬರು ನಿಂತಿದ್ರು. ಜಗಳ ಆಡ್ತಿದ್ರು. ಒಬ್ಬ ತಳ್ಳಿದ."

"ಯಾರು?"

"ಬಿಳಿ ಹೆಲ್ಮೆಟ್."

"ಅದು ಹೆಸರಲ್ಲ. ಮುಖ ನೋಡಿದ್ರಾ?"

"ಅಷ್ಟು ಮೇಲಿಂದ ಮುಖ ಕಾಣಲ್ಲ ಮೇಡಂ. ತಲೆ ಕಾಣುತ್ತೆ."

ಬಣ್ಣಗಳ ವಿಷಯವನ್ನು ಸ್ಟೋರ್ ಕೀಪರ್ ಬಿಡಿಸಿ ಹೇಳಿದ. ಕೆಲಸಗಾರರಿಗೆ ಹಳದಿ, ಸೂಪರ್‌ವೈಸರ್‌ಗೆ ಹಸಿರು, ಮ್ಯಾನೇಜರ್‌ಗೂ ಎಂಜಿನಿಯರ್‌ಗೂ ಬಿಳಿ. ಕಿತ್ತಳೆ ಬಣ್ಣದ್ದು ಇಡೀ ಸೈಟಿಗೆ ಒಂದೇ ಒಂದು, ಅದು ಸಿಗ್ನಲ್‌ಮ್ಯಾನ್‌ನದು. ಸಾಮಾನು ಎತ್ತುವ ಕಡೆಯೋ ಇಳಿಸುವ ಮಹಡಿಯ ಅಂಚಿನಲ್ಲೋ ನಿಂತು ಕೈಸನ್ನೆಯಿಂದ, ವಾಕಿ ಟಾಕಿಯಿಂದ ಕ್ರೇನಿಗೆ ಎತ್ತು, ಇಳಿಸು, ನಿಲ್ಲಿಸು ಎಂದು ಹೇಳುವವನು ಅವನು. ಆಪರೇಟರ್ ಅವನೊಬ್ಬನ ಮಾತು ಬಿಟ್ಟು ಬೇರೆ ಯಾರ ಮಾತಿಗೂ ಲಿವರ್ ಮುಟ್ಟುವಂತಿಲ್ಲ.

ಸಿಗ್ನಲ್‌ಮ್ಯಾನ್ ಅಲ್ಲೇ ನಿಂತಿದ್ದ. ವಯಸ್ಸಾದವನು, ಮೊರದಗಲ ಅಂಗೈ. ತನ್ನ ಹೇಳಿಕೆಯನ್ನು ಎರಡು ಮಾತಿನಲ್ಲಿ ಮುಗಿಸಿದ: ಆರನೇ ಮಹಡಿಗೆ ಕಂಬಿ ಬರುತ್ತಿತ್ತು, ನಿಲ್ಲಿಸು ಎಂದು ಹೇಳಿ ನೀರು ಕುಡಿಯಲು ಮೆಟ್ಟಿಲ ಕಡೆ ಹೋಗಿದ್ದೆ, ಕೂಗು ಕೇಳಿ ಓಡಿ ಬಂದೆ. ಹೇಳಿ ಮುಗಿಸಿ ಒಂದು ಲೋಟ ನೀರು ತಂದು ಆಪರೇಟರ್‌ನ ಮುಂದೆ ಹಿಡಿದ. "ಕುಡಿ ತಮ್ಮ," ಎಂದ. ಆಪರೇಟರ್ ಲೋಟವನ್ನು ತಕ್ಷಣ ತೆಗೆದುಕೊಳ್ಳಲಿಲ್ಲ. ಇನ್ಸ್‌ಪೆಕ್ಟರ್ ಅದನ್ನು ನೋಡಿದಳು, ಪಾಪ ಹೆದರಿದ್ದಾನೆ ಎಂದುಕೊಂಡಳು.

ಮ್ಯಾನೇಜರ್ ಊರಲ್ಲಿಲ್ಲ. ಹಾಗಾದರೆ ಬಿಳಿ ತಲೆ ಉಳಿದದ್ದು ಒಂದೇ.

ಎಂಜಿನಿಯರ್ ಕಾಲೇಜು ಮುಗಿಸಿ ಇನ್ನೂ ಎರಡು ವರ್ಷ ಆಗದವನು. ಶನಿವಾರ ಎಲ್ಲರ ಎದುರೇ ಸೂಪರ್‌ವೈಸರ್ ಜೊತೆ ಜಗಳವಾಗಿತ್ತು. "ನಿನ್ನಂಥೋರನ್ನ ನೋಡ್ಕೋತೀನಿ" ಎಂದು ಅವನು ಕೂಗಿದ್ದನ್ನು ಏಳು ಜನ ಕೇಳಿದ್ದರು. ಕೃತ್ಯ ನಡೆದಾಗ ಎಲ್ಲಿದ್ದೆ ಎಂದರೆ ನೆಲಮಾಳಿಗೆಯಲ್ಲಿ ಅಳತೆ ತೆಗೆಯುತ್ತಿದ್ದೆ ಎಂದ. ನೆಲಮಾಳಿಗೆಯಲ್ಲಿ ಕೆಲಸ ಮಾಡುತ್ತಿದ್ದವರು ಇವನನ್ನು ಬೆಳಿಗ್ಗೆಯಿಂದ ಕಂಡೇ ಇಲ್ಲ ಎಂದರು. ಎರಡನೇ ಸಲ ಕೇಳಿದಾಗ ಅವನ ಕಿವಿ ಕೆಂಪಾಯಿತು.

"ಮಲಗಿದ್ದೆ ಮೇಡಂ."

"ಎಲ್ಲಿ?"

"ಗಿರಾಕಿಗಳಿಗೆ ತೋರಿಸೋಕೆ ಒಂದು ಮನೆ ಸಿಂಗಾರ ಮಾಡಿಟ್ಟಿದ್ದಾರೆ. ಅಲ್ಲಿ ಮಂಚ ಇದೆ."

"ಸೋಮವಾರ ಬೆಳಿಗ್ಗೆ ಹತ್ತು ಗಂಟೆಗೆ?"

"ಭಾನುವಾರ ರಾತ್ರಿ ನಿದ್ದೆ ಬಂದಿರಲಿಲ್ಲ."

"ನಿಮ್ಮ ಹೆಲ್ಮೆಟ್ ಆರನೇ ಮಹಡೀಲಿ ಏನು ಮಾಡ್ತಿತ್ತು?"

"ಎಲ್ಲಿಟ್ಟೆ ಅಂತ ನೆನಪಿಲ್ಲ ಮೇಡಂ. ನಾನು ಯಾವಾಗ್ಲೂ ಎಲ್ಲೋ ಇಟ್ಟು ಮರೀತೀನಿ. ಯಾರನ್ನ ಬೇಕಾದ್ರೂ ಕೇಳಿ."

ಕೊಲೆ ಕೇಸಿನಲ್ಲಿ ಇಂಥ ಉತ್ತರ ಕೊಡುವವನು ಒಂದೋ ಮಹಾ ಜಾಣ, ಇಲ್ಲವೇ ಮಹಾ ಪೆದ್ದ. ಇನ್ಸ್‌ಪೆಕ್ಟರ್‌ಗೆ ಯಾವುದೆಂದು ತಿಳಿಯಲಿಲ್ಲ. ಸಂಜೆ ಅವನಿಗೆ ನೋಟಿಸ್ ಕೊಟ್ಟು, ಊರು ಬಿಡಬಾರದು ಎಂದು ಹೇಳಿ ಕಳಿಸಿದಳು. ಮಂಗಳವಾರ ಮತ್ತೆ ಕರೆಸಿದಳು, ಬುಧವಾರವೂ ಕರೆಸಿದಳು. ಪ್ರತಿ ಸಲವೂ ಅವನ ಜೊತೆ ಅವನ ತಂದೆ ಬರುತ್ತಿದ್ದರು. ನಿವೃತ್ತ ಬಸ್ ಚಾಲಕರು. ಒಂದು ಜೊತೆ ಬಟ್ಟೆ, ಸೋಪು, ಟವೆಲು ತುಂಬಿದ ಚೀಲವನ್ನು ತೊಡೆಯ ಮೇಲಿಟ್ಟುಕೊಂಡು ಹೊರಗಿನ ಬೆಂಚಿನಲ್ಲಿ ಕೂರುತ್ತಿದ್ದರು. ಮಗನನ್ನು ಒಳಗೆ ಹಾಕುವ ದಿನ ಇವತ್ತೇ ಇರಬಹುದು ಎಂದು ಎರಡು ದಿನವೂ ಸಿದ್ಧವಾಗಿ ಬಂದಿದ್ದರು.

ಬುಧವಾರ ಮಧ್ಯಾಹ್ನ ಮೇಲಧಿಕಾರಿಯ ಫೋನು ಬಂತು. "ಕಣ್ಣಾರೆ ಕಂಡ ಸಾಕ್ಷಿ ಇದೆ. ಜಗಳ ಇದೆ. ಹೆಲ್ಮೆಟ್ ಸಿಕ್ಕಿದೆ. ಹುಡುಗ ಒಂದ್ಸಲ ಸುಳ್ಳೂ ಹೇಳಿದ್ದಾನೆ. ಇನ್ನೇನು ಬೇಕು ನಿಮಗೆ?"

ಏನು ಬೇಕೆಂದು ಅವಳಿಗೇ ಗೊತ್ತಿರಲಿಲ್ಲ. ಫೋನಿಟ್ಟಾಗ ಪುರಾಣ ಬಾಗಿಲಲ್ಲಿ ನಿಂತಿದ್ದ. "ನಮ್ಮಜ್ಜಿ ಒಂದು ಮಾತು ಹೇಳ್ತಿದ್ರು ಮೇಡಂ. ಕಣ್ಣಾರೆ ಕಂಡರೂ ಪರಾಂಬರಿಸಿ ನೋಡು ಅಂತ. ನಮ್ಮಜ್ಜಿಗೆ ಒಂದು ಕಣ್ಣು ಕಾಣ್ತಿರಲಿಲ್ಲ, ಅದು ಬೇರೆ ವಿಷಯ. ಹೊರಗೆ ಆ ಆಪರೇಟರ್ ಬಂದಿದ್ದಾನೆ."

ಆಪರೇಟರ್ ಕುರ್ಚಿಯಲ್ಲಿ ಕೂರಲಿಲ್ಲ. "ಎಂಜಿನಿಯರ್‌ನ ಬಿಡ್ತೀರಾ ಮೇಡಂ?"

"ಯಾಕೆ ಬಿಡ್ಬೇಕು? ನೀವೇ ನೋಡಿದ್ದೀರಲ್ಲ."

"ನಾನು ಬಿಳಿ ಹೆಲ್ಮೆಟ್ ಅಂದೆ. ಎಂಜಿನಿಯರ್ ಅನ್ನಲಿಲ್ಲ."

"ಎರಡೂ ಒಂದೇ ಅಲ್ವಾ?"

ಅವನು ಬಾಗಿಲ ಕಡೆ ತಿರುಗಿದ. ಬರ್ತೀನಿ ಎಂದ. ಇನ್ಸ್‌ಪೆಕ್ಟರ್ ಕಿಟಕಿಯಿಂದ ನೋಡಿದಳು. ಬೆಂಚಿನಲ್ಲಿ ಕೂತಿದ್ದ ಎಂಜಿನಿಯರ್‌ನ ತಂದೆಯ ಮುಂದೆ ಹಾಯಬೇಕಾಗುತ್ತದೆಂದು ಆಪರೇಟರ್ ಬೈಕುಗಳನ್ನು ನಿಲ್ಲಿಸುವ ಜಾಗದ ಸಂದಿಯಲ್ಲಿ ತೂರಿ ಗೇಟು ಸೇರಿದ. ನಿಜ ಹೇಳಿದವನಿಗೆ ಈ ಬಳಸುದಾರಿ ಯಾಕೆ? ಅವಳ ತಲೆ ಕೆಟ್ಟು ಗೊಬ್ಬರವಾಯಿತು. ಸುಳ್ಳು ಹೇಳುವವನು ಹೆಸರನ್ನೇ ಹೇಳಿ ಕೈ ತೊಳೆದುಕೊಳ್ಳುತ್ತಾನೆ. ಇವನು ಹೆಸರನ್ನೂ ಹೇಳುವುದಿಲ್ಲ, ಕೈಯನ್ನೂ ತೊಳೆದುಕೊಳ್ಳುವುದಿಲ್ಲ.

ಗುರುವಾರದಿಂದ ಸೈಟಿನಲ್ಲಿ ಕೆಲಸ ಮತ್ತೆ ಶುರುವಾಗಿತ್ತು. ಹತ್ತೂವರೆಗೆ ಇನ್ಸ್‌ಪೆಕ್ಟರ್ ಕ್ರೇನಿನ ಬುಡದಲ್ಲಿ ನಿಂತು ಸೊಂಟಕ್ಕೆ ಬೆಲ್ಟ್ ಕಟ್ಟಿಸಿಕೊಂಡಳು. ಸಾಕ್ಷಿ ಕೂತ ಜಾಗದಿಂದ ಏನು ಕಾಣುತ್ತದೆಂದು ನೋಡದೆ ಹೇಳಿಕೆಯನ್ನು ನಂಬುವುದು ಹೇಗೆ, ನಂಬದೆ ಇರುವುದಾದರೂ ಹೇಗೆ?

"ನೀನೂ ಬಾ," ಎಂದಳು ಪುರಾಣನಿಗೆ.

"ಮೇಡಂ, ಸ್ಟೂಲ್ ಹತ್ತಿ ಫ್ಯಾನ್ ಒರೆಸಿದ್ರೂ ನನಗೆ ತಲೆ ತಿರುಗುತ್ತೆ. ಕೆಳಗೆ ಪೊಲೀಸ್ ಇಲಾಖೆಯಿಂದ ಒಬ್ಬರಾದ್ರೂ ಇರಬೇಡ್ವಾ?"

ಏಣಿ ಕ್ರೇನಿನ ಕಂಬದ ಒಳಗೇ ಇತ್ತು. ಅರ್ಧ ದಾರಿಯಲ್ಲಿ ಅವಳಿಗೆ ಕೆಲಸಕ್ಕೆ ಸೇರಿದ್ದೇ ತಪ್ಪು ಅನಿಸಿತು. ಆಪರೇಟರ್ ಬಾಗಿಲು ತೆಗೆದು ಕೈ ಕೊಟ್ಟು ಒಳಗೆ ಎಳೆದುಕೊಂಡ. ಕ್ಯಾಬಿನ್ ಎಂದರೆ ಒಬ್ಬನೇ ಕೂರುವ ಗಾಜಿನ ಗೂಡು. ಸೀಟಿನ ಮೇಲೆ ಹಳೆಯ ಸೀರೆಯಿಂದ ಹೊಲಿದ ಮೆತ್ತೆ. ಅವನ ಎರಡು ಪಾದಗಳ ನಡುವಿನ ಗಾಜಿನಲ್ಲಿ ನೆಲ ಕಾಣುತ್ತಿತ್ತು. ಮೊದಮೊದಲು ಅವಳಿಗೆ ಕಂಡದ್ದು ಹರಿದಾಡುವ ಬಣ್ಣದ ಚುಕ್ಕೆಗಳು ಮಾತ್ರ. ಇವನು ಹೇಳಿದ್ದು ಸರಿ, ಮುಖ ಕಾಣುವುದಿಲ್ಲ.

"ಅದು ಯಾರು, ಮರಳಿನ ರಾಶಿ ಹತ್ರ?" ಸುಮ್ಮನೆ ಕೇಳಿದಳು.

"ಸ್ಟೋರ್ ಕೀಪರ್."

"ಆ ಹಳದಿ?"

"ಕಂಬಿ ಕಟ್ಟೋನು. ಎಡಗಾಲು ಸ್ವಲ್ಪ ಎಳೀತಾನೆ."

"ಈ ಕಡೆ ಬರಿ ತಲೆ?"

"ನಿಮ್ಮ ಕಾನ್‌ಸ್ಟೆಬಲ್. ಮಾತಾಡ್ತಿದ್ದಾರೆ."

ಅವಳಿಗೆ ನಗು ಬಂತು, ಆಮೇಲೆ ನಿಂತುಹೋಯಿತು. "ಮುಖ ಕಾಣಲ್ಲ ಅಂದ್ರಿ."

"ಕಾಣಲ್ಲ ಮೇಡಂ."

"ಆದ್ರೆ ಯಾರು ಅಂತ ಗೊತ್ತಾಗುತ್ತೆ."

ಆಪರೇಟರ್ ಲಿವರ್ ಮೇಲೆ ಕೈಯಿಟ್ಟುಕೊಂಡು ಮುಂದೆ ನೋಡುತ್ತಾ ಕೂತ. ಕೆಳಗೆ ಕಿತ್ತಳೆ ಚುಕ್ಕೆ ಅಂಗಳ ದಾಟಿ ಹೋಯಿತು. ಕಾಂಕ್ರೀಟ್ ಲಾರಿಯ ಚಾಲಕನಿಗೂ ಸಿಗ್ನಲ್‌ಮ್ಯಾನ್‌ಗೂ ಏನೋ ತಕರಾರು ಇದ್ದಂತಿತ್ತು. ಸಿಗ್ನಲ್‌ಮ್ಯಾನ್ ತನ್ನ ಹೆಲ್ಮೆಟ್ ತೆಗೆದು ಒಂದು ಡ್ರಮ್ಮಿನ ಮೇಲಿಟ್ಟ. ಪಕ್ಕದಲ್ಲಿದ್ದ ಯಾರದೋ ಹಳದಿ ಹೆಲ್ಮೆಟ್ ತಲೆಗೆ ಹಾಕಿಕೊಂಡ. ಆಮೇಲೆ ಚಾಲಕನ ಮುಂದೆ ನಿಂತು ಕೈ ಬೀಸಿ ಬೀಸಿ ಮಾತಾಡತೊಡಗಿದ.

"ಅದ್ಯಾಕೆ ಬದಲಾಯಿಸಿದ?"

ಆಪರೇಟರ್ ವೃತ್ತಿಯ ಮಾತೆಂದು ಸಲೀಸಾಗಿ ಬಾಯಿಬಿಟ್ಟ. "ಕಿತ್ತಳೆ ತಲೇಲಿದ್ರೆ ಅವನ ಕೈ ಆಡಿದ್ದೆಲ್ಲ ನನಗೆ ಆರ್ಡರ್ ಮೇಡಂ. ಸೊಳ್ಳೆ ಓಡಿಸೋಕೆ ಕೈ ಎತ್ತಿದ್ರೂ ನಾನು ಲೋಡ್ ಎತ್ತಿಬಿಡ್ತೀನಿ. ಕೆಳಗಿದ್ದೋರ ತಲೆ ಮೇಲೆ ಬೀಳುತ್ತೆ. ಅದಕ್ಕೇ ಬೇರೆ ಮಾತಿಗೆ ನಿಂತ್ರೆ ಅದನ್ನ ತೆಗೆದಿಡ್ತಾನೆ. ಬರಿ ತಲೇಲಿ ಇರೋ ಹಾಗಿಲ್ಲ, ಕೈಗೆ ಸಿಕ್ಕಿದ್ದು ಹಾಕ್ಕೋತಾನೆ. ಇದು ನಾವಿಬ್ರೇ ಮಾಡ್ಕೊಂಡಿರೋ ಪದ್ಧತಿ. ಎಷ್ಟೇ ಸಿಟ್ಟು ಬಂದ್ರೂ, ಜಗಳಕ್ಕೆ ಮುಂಚೆ…"

ಅಷ್ಟಕ್ಕೇ ಮಾತು ನಿಂತಿತು. ಸಿಮೆಂಟ್ ಚೀಲಗಳ ಮೇಲೆ ಮರೆತು ಬಿಟ್ಟ ಒಂದು ಬಿಳಿ ಹೆಲ್ಮೆಟ್ ಇನ್ಸ್‌ಪೆಕ್ಟರ್‌ನ ಕಣ್ಣಿಗೆ ಕಟ್ಟಿತು.

"ಲೋಡ್ ಬರ್ತಿದೆ ಮೇಡಂ," ಎಂದ ಆಪರೇಟರ್, ಅವಳ ಕಡೆ ತಿರುಗದೆ. "ನೀವು ಇಳೀರಿ."

ಇಳಿದ ಮೇಲೆ ಅವಳ ಕೈಗೆ ಸಿಕ್ಕಿದ್ದೇನು? ಬರೀ ಊಹೆ. ಸಿಗ್ನಲ್‌ಮ್ಯಾನ್‌ನನ್ನು ಹಿಡಿಯೋಣ ಎಂದರೆ ಅವನು ಮಾಡಿದ್ದನ್ನು ಕಂಡವನು ಜಗತ್ತಿನಲ್ಲಿ ಒಬ್ಬನೇ, ಅವನು ಬಾಯಿಗೆ ಬೀಗ ಹಾಕಿಕೊಂಡಿದ್ದಾನೆ. ಎಂಜಿನಿಯರ್‌ನನ್ನು ಬಿಡೋಣ ಎಂದರೆ ಅದೇ ಬಾಯಿ ಬಿಳಿ ಹೆಲ್ಮೆಟ್ ಎಂದು ಸಹಿ ಹಾಕಿ ಕೊಟ್ಟಿದೆ. ಹೆಲ್ಮೆಟ್ ಮೇಲಿನ ಬೆರಳಚ್ಚುಗಳು ಒಂದರ ಮೇಲೊಂದು ಬಿದ್ದು ಕಲಸಿಹೋಗಿವೆ ಎಂಬ ವರದಿ ಅವತ್ತೇ ಮಧ್ಯಾಹ್ನ ಬಂತು. ಸೂಪರ್‌ವೈಸರ್ ಜೊತೆ ಸಿಗ್ನಲ್‌ಮ್ಯಾನ್‌ಗೆ ಏನು ದ್ವೇಷ ಎಂದು ಕೇಳಿದರೆ ಸೈಟಿನಲ್ಲಿ ಎಲ್ಲರೂ ಇಲ್ಲವೇ ಇಲ್ಲ ಎಂದು ತಲೆಯಾಡಿಸಿದರು.

ಸಂಜೆ ಆರೂವರೆಗೆ ಅವಳು ಆಪರೇಟರ್‌ನ ಮನೆಗೆ ಹೋದಳು. ಒಂದು ಕೋಣೆ, ಒಂದು ಅಡುಗೆಮನೆ. ಹೆಂಡತಿ ಕುರ್ಚಿ ಎಳೆದು ಹಾಕಿ ತಾನು ಗೋಡೆಗೊರಗಿ ನಿಂತಳು. ಆಪರೇಟರ್ ಮಂಚದ ತುದಿಯಲ್ಲಿದ್ದ.

"ನಾಳೆ ಎಂಜಿನಿಯರ್‌ನ ಅರೆಸ್ಟ್ ಮಾಡ್ತೀವಿ," ಎಂದಳು ಇನ್ಸ್‌ಪೆಕ್ಟರ್. "ನಿಮ್ಮ ಹೇಳಿಕೆ ಮೇಲೆ."

"ನಾನು ಸುಳ್ಳು ಹೇಳಿಲ್ಲ."

"ಇಲ್ಲ, ಹೇಳಿಲ್ಲ. ಅದೇ ತೊಂದ್ರೆ ಆಗಿರೋದು."

ಹೆಂಡತಿ ಬಾಯಿ ಹಾಕಿದಳು. "ನಾಲ್ಕು ದಿನದಿಂದ ಇವರಿಗೆ ಅನ್ನ ಸೇರ್ತಿಲ್ಲ ಮೇಡಂ. ಯಾಕೆ ಅಂದ್ರೆ ಹೇಳಲ್ಲ. ನಿನ್ನೆ ಭಾವ ಬಂದಿದ್ರು. ಸಿಗ್ನಲ್ ಕೆಲಸದವರು, ಇವರಿಗಿಂತ ದೊಡ್ಡೋರು, ನಾನು ಭಾವ ಅಂತೀನಿ. ಹೊಸಲು ದಾಟಲಿಲ್ಲ. 'ತಮ್ಮ ಊಟ ಮಾಡಿದ್ನಾ' ಅಂತ ಕೇಳಿ ಹೋದ್ರು. ಇವರು ಒಳಗೇ ಇದ್ರು, ಎದ್ದು ಬರಲಿಲ್ಲ. ಅಣ್ಣ ತಮ್ಮ ಅಂತ ಒಂದೇ ತಟ್ಟೇಲಿ ತಿಂದೋರು." ಅವಳು ಗಂಡನ ಕಡೆ ತಿರುಗಿದಳು. "ಅವತ್ತು ನೀವು ನೋಡಿದ್ದು ಭಾವನ್ನೇ ಅಲ್ವಾ? ನನಗೆ ಆವತ್ತೇ ಗೊತ್ತಾಯ್ತು. ಬೇರೆ ಯಾರಾದ್ರೂ ಆಗಿದ್ರೆ ನೀವು ಇಷ್ಟು ಒದ್ದಾಡ್ತಿರಲಿಲ್ಲ."

ಆಪರೇಟರ್ ಮುಖ ಮುಚ್ಚಿಕೊಂಡ. ಅಳಲಿಲ್ಲ. ಅಂಗೈಗಳ ಹಿಂದಿನಿಂದಲೇ ಮಾತಾಡಿದ.

"ಹನ್ನೊಂದು ವರ್ಷದಿಂದ ಅವನು ಕೈ ಎತ್ತದೆ ನಾನು ಒಂದು ಇಟ್ಟಿಗೇನೂ ಎತ್ತಿಲ್ಲ ಮೇಡಂ. ಅವನೇ ಬಂದು ಹೇಳ್ತಾನೆ ಅಂತ ಕಾದೆ. ಅವನು ಹೇಳಲಿಲ್ಲ."

"ನೀವು ಏನು ನೋಡಿದ್ರಿ?"

"ಅದೇ ಈಗ ಗೊತ್ತಾಗ್ತಿಲ್ಲ. ಅವನ ಕೈ ಸೂಪರ್‌ವೈಸರ್ ಎದೆ ಮೇಲಿತ್ತು. ಸೂಪರ್‌ವೈಸರ್ ಹಿಂದಕ್ಕೆ ಹೋದ. ತಳ್ಳಿದ್ನೋ, ಹಿಡಿಯೋಕೆ ಹೋದ್ನೋ. ನನ್ನ ಬಾಯಿಂದ ತಳ್ಬಿಟ್ಟ ಅಂತ ಬಂದುಬಿಡ್ತು. ಬಂದ ಮೇಲೆ ಕಣ್ಣಿಗೂ ಹಾಗೇ ಕಾಣೋಕೆ ಶುರುವಾಯ್ತು. ರಾತ್ರಿಯೆಲ್ಲ ಅದನ್ನೇ ನೋಡ್ತೀನಿ. ಒಂದ್ಸಲ ತಳ್ತಾನೆ, ಒಂದ್ಸಲ ಹಿಡೀತಾನೆ."

"ಜಗಳ ಯಾಕೆ?"

"ಕಂಬಿ ಎತ್ತಿದಾಗ ಕ್ರೇನಿನ ತೋಳು ಬಗ್ಗಿತು. ಭಾರ ಜಾಸ್ತಿಯಾದ್ರೆ ಕೂಗೋಕೆ ಅಲಾರಂ ಇದೆ, ಮೋಟಾರೂ ತಾನೇ ನಿಲ್ಲುತ್ತೆ. ಅಲಾರಂ ಕೂಗ್ಲಿಲ್ಲ. ಮೋಟಾರ್ ನಿಲ್ಲಲಿಲ್ಲ. 'ನಿಲ್ಸು, ಏನೂ ಮುಟ್ಬೇಡ' ಅಂದ ವಾಕಿಯಲ್ಲಿ. ಆಮೇಲೆ ಹೆಲ್ಮೆಟ್ ತೆಗೆದಿಟ್ಟು ಸೂಪರ್‌ವೈಸರ್ ಹತ್ರ ಹೋದ. ಲೋಡ್ ಇನ್ನೂ ಗಾಳಿಯಲ್ಲಿತ್ತು. ಕೆಳಗೆ ಏಳೆಂಟು ಜನ ಇದ್ರು."

ಪೊಲೀಸ್ ಬುದ್ಧಿಗೆ ಆ ಹೆಲ್ಮೆಟ್ ಒಂದನ್ನೇ ಹೇಳುತ್ತದೆ: 'ಮೊದಲು ತನ್ನ ಗುರುತು ತೆಗೆದ, ಬೇರೆಯವನ ಗುರುತು ಹಾಕಿಕೊಂಡ, ಆಮೇಲೆ ಕೊಂದ.' ಯಾವ ಸರ್ಕಾರಿ ವಕೀಲ ಕೇಳಿದರೂ ಹಬ್ಬದಷ್ಟು ಖುಷಿಪಡುತ್ತಾನೆ. ಅದನ್ನೇ ಅವಳು ಬಾಯಿಬಿಟ್ಟು ಹೇಳಿದಳು.

"ಗುರುತು ಮರೆಸೋಕಲ್ಲ ಮೇಡಂ," ಎಂದ ಆಪರೇಟರ್. ಕೈಗಳು ಮುಖದಿಂದ ಇಳಿದಿದ್ದವು. "ನಾನು ಅವನ ಕೈ ನೋಡಿ ಲೋಡ್ ಬಿಟ್ಟುಬಿಡಬಾರದು ಅಂತ. ಕೆಳಗಿದ್ದೋರು ಸಾಯಬಾರದು ಅಂತ."

"ಅದನ್ನ ನೋಡಿದೋರು ಯಾರು?"

"ನಾನೊಬ್ನೇ."

"ಅದನ್ನ ಹೇಳ್ಬೇಕು ಅಂದ್ರೆ ಅಲ್ಲಿದ್ದದ್ದು ಅವನೇ ಅಂತಾನೂ ಹೇಳ್ಬೇಕು. ಎರಡರಲ್ಲಿ ಒಂದನ್ನ ಮಾತ್ರ ಹೇಳೋಕಾಗಲ್ಲ. ಏನೂ ಹೇಳದಿದ್ರೆ ಆ ಹುಡುಗ ಒಳಗೆ ಹೋಗ್ತಾನೆ."

ಅತ್ತ ದರಿ, ಇತ್ತ ಪುಲಿ. ಆಪರೇಟರ್ ಹೆಂಡತಿಯ ಕಡೆ ನೋಡಿದ. ಅವಳು ಹೇಳಿ ಎನ್ನಲಿಲ್ಲ, ಬೇಡ ಎನ್ನಲಿಲ್ಲ. ಗೋಡೆ ಬಿಟ್ಟು ಬಂದು ಮಂಚದ ಮೇಲೆ ಅವನ ಪಕ್ಕ ಕೂತಳು. ಎಂಟು ಗಂಟೆಗೆ ಹೇಳಿಕೆ ಬರೆದು ಮುಗಿಯಿತು. ಓದಿ ಹೇಳಿದಾಗ ಅವನು ಒಂದೇ ತಿದ್ದುಪಡಿ ಕೇಳಿದ. 'ತಳ್ಳಿದನು' ಎಂದಿದ್ದ ಕಡೆ 'ತಳ್ಳಿದಂತೆ ಕಂಡಿತು' ಎಂದು ಮಾಡಿಸಿದ. ಅದು ಸ್ನೇಹಕ್ಕೆ ಮಾಡಿದ ತಿದ್ದುಪಡಿಯೋ ಸತ್ಯಕ್ಕೆ ಮಾಡಿದ್ದೋ ಎಂದು ಇನ್ಸ್‌ಪೆಕ್ಟರ್‌ಗೆ ತಿಳಿಯಲಿಲ್ಲ. ಅವನಿಗೂ ತಿಳಿದಿತ್ತೆಂದು ಅವಳಿಗೆ ಅನಿಸಲಿಲ್ಲ.

ಶುಕ್ರವಾರ ಬೆಳಿಗ್ಗೆ ಕೆಲಸ ಶುರುವಾಗುವ ಮುಂಚೆ ಸಿಗ್ನಲ್‌ಮ್ಯಾನ್‌ನನ್ನು ಸೈಟಿನ ಗೇಟಿನಲ್ಲೇ ದಸ್ತಗಿರಿ ಮಾಡಿದರು. ಅವನು ಯಾಕೆ ಎನ್ನಲಿಲ್ಲ. ವಾಕಿ ಟಾಕಿಯನ್ನು ಸ್ಟೋರ್ ಕೀಪರ್ ಕೈಗೆ ಕೊಟ್ಟು, ಬ್ಯಾಟರಿ ಚಾರ್ಜ್ ಆಗಿಲ್ಲ ಎಂದು ಹೇಳಿ ಜೀಪು ಹತ್ತಿದ. ಎಂಜಿನಿಯರ್‌ನ ತಂದೆಗೆ ಪುರಾಣ ಫೋನು ಮಾಡಿದ. ಬಟ್ಟೆ ಚೀಲ ಮನೆಯಲ್ಲೇ ಇಡಿ ಎಂದು ಹೇಳಲು ಅವನಿಗೆ ಕಾಲು ಗಂಟೆ ಹಿಡಿಯಿತು, ಯಾರೂ ಬೇಸರ ಮಾಡಿಕೊಳ್ಳಲಿಲ್ಲ.

ಅದೇ ದಿನ ಯಂತ್ರ ತಪಾಸಣೆಯವರನ್ನು ಕ್ರೇನಿಗೆ ಹತ್ತಿಸಿದರು. ಅಲಾರಂ ಸರಿಯಾಗಿತ್ತು, ಮೋಟಾರು ನಿಲ್ಲಿಸುವ ಸ್ವಿಚ್ಚೂ ಸರಿಯಾಗಿತ್ತು. ಸ್ವಿಚ್ಚಿನ ಪೆಟ್ಟಿಗೆಯಲ್ಲಿ ಟೇಪು ಕಿತ್ತ ಹೊಸ ಗುರುತು ಇತ್ತು, ಅಷ್ಟೇ. ಸೋಮವಾರದಿಂದ ಶುಕ್ರವಾರದವರೆಗೆ ಅಲ್ಲಿಗೆ ಯಾರು ಹತ್ತಿದ್ದರು ಎಂದರೆ ಕಂಪನಿಯವರಿಗೆ ನೆನಪಿರಲಿಲ್ಲ.

"ಸೂಪರ್‌ವೈಸರ್ ಹೋದ ಶುಕ್ರವಾರವೇ ತಂತಿ ಸುತ್ತಿ, ಟೇಪು ಹಾಕಿ ಅಲಾರಂ ಬಾಯಿ ಮುಚ್ಚಿಸಿದ್ದ," ಎಂದ ಸಿಗ್ನಲ್‌ಮ್ಯಾನ್, ವಿಚಾರಣೆಯ ಕೋಣೆಯಲ್ಲಿ. "ಸ್ಲ್ಯಾಬ್ ಬೇಗ ಮುಗೀಬೇಕು, ಒಂದೊಂದು ಸಲಕ್ಕೆ ಜಾಸ್ತಿ ಕಂಬಿ ಹೋಗ್ಬೇಕು ಅಂತ. ನನಗೆ ಗೊತ್ತಿರಲಿಲ್ಲ. ತೋಳು ಬಗ್ಗಿದ್ದು ನೋಡಿದಾಗ ಗೊತ್ತಾಯ್ತು."

"ಆಮೇಲೆ?"

"ಮೇಲೆ ಜೀವ ಇದೆ ಅಂದೆ. ಕ್ರೇನಿಗೆ ವಿಮೆ ಇದೆ, ಆಪರೇಟರ್ ಇನ್ನೊಬ್ಬ ಸಿಗ್ತಾನೆ ಅಂದ."

"ತಳ್ಳಿದ್ರಾ?"

ಅವನು ತನ್ನ ಬಲ ಅಂಗೈಯನ್ನು ನೋಡಿಕೊಂಡ. "ಅಂಚು ಅಷ್ಟು ಹತ್ರ ಇದೆ ಅಂತ ಮರೆತಿದ್ದೆ ಅಂತ ನನಗೇ ಹೇಳ್ಕೊಳ್ತೀನಿ. ಹನ್ನೊಂದು ವರ್ಷ ಅಂಚಲ್ಲೇ ನಿಂತು ಕೆಲಸ ಮಾಡ್ದೋನು ನಾನು. ಹೇಗೆ ಮರೀತೀನಿ? ಗೊತ್ತಿಲ್ಲ ಮೇಡಂ. ಸಿಟ್ಟಿಗಿಂತ ಭಯ ಜಾಸ್ತಿ ಇತ್ತು. ಅವನು ಕೂತಿರೋ ಗೂಡು ಒಂದು ಕಡೆ ವಾಲಿತ್ತು, ಅದೊಂದೇ ಕಣ್ಣಲ್ಲಿತ್ತು."

"ಮತ್ತೆ ಎಂಜಿನಿಯರ್ ಸಿಕ್ಕಿಹಾಕ್ಕೊಂಡಾಗ ಯಾಕೆ ಸುಮ್ಮನಿದ್ರಿ?"

"ನಾನೇ ಬಂದು ಹೇಳ್ಬೇಕಿತ್ತು. ದಿನಾ ಬೆಳಿಗ್ಗೆ ಠಾಣೆಗೆ ಅಂತ ಹೊರಡ್ತಿದ್ದೆ, ಸೈಟಿಗೆ ಹೋಗ್ತಿದ್ದೆ." ತಲೆ ಎತ್ತಿ ಕೇಳಿದ: "ಅವನು ಹೇಳಿದ್ನಾ?"

"ಹೂಂ."

ಸಿಗ್ನಲ್‌ಮ್ಯಾನ್‌ನ ಭುಜ ಇಳಿಯಿತು. ನೋವಿನಿಂದಲ್ಲ, ನಾಲ್ಕು ದಿನದಿಂದ ಹಿಡಿದಿಟ್ಟ ಉಸಿರು ಬಿಟ್ಟಂತಿತ್ತು. "ಒಳ್ಳೇದಾಯ್ತು. ಹೊಟ್ಟೇಲಿಟ್ಕೊಂಡು ಅವನು ಆ ಲಿವರ್ ಹಿಡಿಯೋಕಾಗ್ತಿರಲಿಲ್ಲ."

ಇನ್ಸ್‌ಪೆಕ್ಟರ್ ನ್ಯಾಯಾಲಯಕ್ಕೆ ಕಳಿಸುವ ಅರ್ಜಿ ಬರೆಯಲು ಕೂತಳು. ಕೃತ್ಯಕ್ಕೆ ಕಾರಣ ಎಂಬಲ್ಲಿ ಏನು ಬರೆಯುವುದು? ದ್ವೇಷ ಇರಲಿಲ್ಲ, ಲಾಭ ಇರಲಿಲ್ಲ. ತಂತಿ ಈಗ ಇಲ್ಲ. ಅದಕ್ಕೆ ಸಾಕ್ಷಿಯೆಂದರೆ ಬಗ್ಗಿದ ತೋಳನ್ನು ಕಂಡ ಇಬ್ಬರು. ಒಬ್ಬ ಆರೋಪಿ, ಇನ್ನೊಬ್ಬ ಯಾರ ಜೀವಕ್ಕಾಗಿ ಆರೋಪಿ ಕೈ ಮಾಡಿದ್ದನೋ ಅವನು. ಅವಳು ಆ ಜಾಗ ಖಾಲಿ ಬಿಟ್ಟು ಮುಂದಿನದನ್ನು ಬರೆದಳು.

"ಮೇಡಂ, ಒಂದು ಮಾತು," ಎಂದ ಸಿಗ್ನಲ್‌ಮ್ಯಾನ್. "ಕೋರ್ಟಲ್ಲಿ ನಾನೇ ತಪ್ಪೊಪ್ಕೊಂಡ್ರೆ ಅವನು ಬಂದು ಸಾಕ್ಷಿ ಹೇಳ್ಬೇಕಾಗಲ್ಲ ಅಲ್ವಾ?"

"ಬೇಕಾಗದೇ ಇರಬಹುದು. ಆದ್ರೆ ಹೆಲ್ಮೆಟ್ ಯಾಕೆ ಬದಲಾಯಿಸಿದ್ರಿ ಅಂತ ಹೇಳೋಕೆ ಅವನೊಬ್ಬನೇ ಇರೋದು. ಅವನು ಹೇಳದಿದ್ರೆ ಬೇಕಂತ ವೇಷ ಹಾಕಿ ಕೊಂದ್ರಿ ಅಂತಾಗುತ್ತೆ. ಆಯುಸ್ಸೆಲ್ಲ ಒಳಗೇ ಕಳೀಬೇಕಾಗುತ್ತೆ."

ಅವನು ಯೋಚಿಸಿದ. "ಎಲ್ಲರ ಮುಂದೆ ನಿಲ್ಲಿಸಿ ಕೇಳ್ತಾರಾ ಅವನನ್ನ? ಮೊದ್ಲು ಬಿಳಿ ಹೆಲ್ಮೆಟ್ ಅಂದೆ, ಈಗ ಯಾಕೆ ಹೀಗಂತೀಯ ಅಂತ?"

"ಕೇಳ್ತಾರೆ. ದಿನವೆಲ್ಲ ಕೇಳ್ತಾರೆ. ನಾನು ವಕೀಲೆ ಆಗಿದ್ರೂ ಕೇಳ್ತಿದ್ದೆ."

"ನಾನು ಅಲ್ಲೇ ಎದುರಿಗಿರ್ತೀನಿ?"

"ಹೌದು."

"ಹಾಗಾದ್ರೆ ಬೇಡ ಬಿಡಿ. ಒಪ್ಕೋತೀನಿ ಅಂತ ಬರ್ಕೊಳ್ಳಿ."

"ಅದನ್ನ ಇಲ್ಲಿ ಬರ್ಕೊಳ್ಳೋಕೆ ಬರಲ್ಲ. ವಕೀಲರನ್ನ ಕೇಳಿ. ಸ್ವಲ್ಪ ಯೋಚನೆ ಮಾಡಿ, ನಿಮ್ಮ ಜೀವನದ ಪ್ರಶ್ನೆ."

ಅವಳ ದನಿ ತನಗೇ ಗೊತ್ತಿಲ್ಲದೆ ಏರಿತ್ತು. ಸಿಗ್ನಲ್‌ಮ್ಯಾನ್ ಮಾತ್ರ, ಕೆಲಸ ಗೊತ್ತಿಲ್ಲದವರಿಗೆ ತಿಳಿಹೇಳುವವನಂತೆ, ಸಮಾಧಾನದಿಂದ ಹೇಳಿದ.

"ಅಷ್ಟು ಜನರ ಮುಂದೆ ಅವನು ಕೈಕಾಲು ಬಿಡ್ತಾನೆ ಮೇಡಂ. ಮಾರನೇ ದಿನ ಮತ್ತೆ ಹೋಗಿ ಮೇಲೆ ಕೂರಬೇಕಲ್ಲ ಅವನು."